25 ಲಕ್ಷದ ಮನೆ ಸಾಲಕ್ಕೆ ಕೊನೆಗೆ ಕಟ್ಟುವುದೆಷ್ಟು? ತಿಂಗಳು ತಿಂಗಳಿನ ಲೆಕ್ಕ

ಮನೆ ಸಾಲಕ್ಕೆ ಬ್ಯಾಂಕಿಗೆ ಹೋದವರು ಮೊದಲು ಕೇಳುವುದು “ಕಂತು ಎಷ್ಟು ಬರುತ್ತೆ ಸಾರ್?” ಅಂತ. ಆಮೇಲೆ “ಬಡ್ಡಿ ಎಷ್ಟು?” ಅಂತ. ಎಷ್ಟು ತಿಂಗಳು ಕಟ್ಟಬೇಕು ಅನ್ನುವುದನ್ನು ಯಾರೂ ಹೆಚ್ಚು ಕೇಳುವುದಿಲ್ಲ, ಅದನ್ನು ಬ್ಯಾಂಕಿನವರೇ ಅರ್ಜಿಯಲ್ಲಿ ತುಂಬಿಬಿಡುತ್ತಾರೆ. ಸಾಲ ದುಬಾರಿಯಾಗುವುದು ಆ ಖಾನೆಯಲ್ಲೇ. ಇಲ್ಲಿ ಒಂದೇ ಉದಾಹರಣೆಯನ್ನು ಹಿಡಿದು ಕೊನೆಯವರೆಗೂ ಲೆಕ್ಕ ಮಾಡಿದ್ದೇವೆ. ಪೆನ್ನು, ಹಾಳೆ, ಮೊಬೈಲಿನ ಕ್ಯಾಲ್ಕುಲೇಟರ್ ಇದ್ದರೆ ಸಾಕು. ನಿಮ್ಮ ಅಂಕಿಗಳನ್ನು ಹಾಕಿಕೊಂಡು ಜೊತೆಗೇ ಮಾಡುತ್ತಾ ಹೋಗಿ.

ಉದಾಹರಣೆ ಇದು: ತುಮಕೂರಿನ ಮರಳೂರು ಕಡೆಯೋ ಶೆಟ್ಟಿಹಳ್ಳಿ ಕಡೆಯೋ ಪಾಲಿಕೆ ವ್ಯಾಪ್ತಿಯಲ್ಲಿ ಕಟ್ಟಿದ ಒಂದು ಮನೆ. ಬೆಲೆ 32 ಲಕ್ಷ. ಕೈಯಿಂದ 7 ಲಕ್ಷ, ಬ್ಯಾಂಕಿನಿಂದ 25 ಲಕ್ಷ. ಬಡ್ಡಿ ಶೇ 8.5, ಅವಧಿ 20 ವರ್ಷ. ಕಂತು 21,696 ರೂ.

ಹೆಜ್ಜೆ 1: ಕಂತು ಶುರುವಾಗುವ ಮೊದಲೇ ಹೋಗುವ ದುಡ್ಡು

“ಏಳು ಲಕ್ಷ ಇದೆ, ಸಾಕು” ಅಂದುಕೊಂಡವರು ಉಪನೋಂದಣಿ ಕಚೇರಿಯ ಮೆಟ್ಟಿಲು ಹತ್ತುವಾಗ ಸಿಕ್ಕಿಬೀಳುತ್ತಾರೆ. ಕ್ರಯಪತ್ರದ ಮುದ್ರಾಂಕ ಶುಲ್ಕ ಶೇ 5, ಅದರ ಮೇಲೆ ಸೆಸ್ ಮತ್ತು ಸರ್‌ಚಾರ್ಜ್ ಸೇರಿ ನಗರದಲ್ಲಿ ಶೇ 0.6. ನೋಂದಣಿ ಶುಲ್ಕ ಮೊದಲು ಶೇ 1 ಇತ್ತು, 2025ರ ಆಗಸ್ಟ್ 31ರಿಂದ ಶೇ 2 ಆಗಿದೆ. ಒಟ್ಟು ಶೇ 7.6. ಕ್ರಯದ ಬೆಲೆ, ಸರ್ಕಾರದ ಮಾರ್ಗಸೂಚಿ ಬೆಲೆ ಎರಡರಲ್ಲಿ ಯಾವುದು ಹೆಚ್ಚೋ ಅದರ ಮೇಲೆ ಈ ಲೆಕ್ಕ. ನಮ್ಮ 32 ಲಕ್ಷಕ್ಕೆ 2,43,200 ರೂ. ಆಗುತ್ತದೆ.

ಈ ದುಡ್ಡಿಗೆ ಬ್ಯಾಂಕು ಸಾಲ ಕೊಡುವುದಿಲ್ಲ. ಮನೆಯ ಬೆಲೆಗೆ ಎಷ್ಟು ಸಾಲ ಎಂದು ರಿಸರ್ವ್ ಬ್ಯಾಂಕ್ ಹಾಕಿದ ಮಿತಿ ಹೀಗಿದೆ: 30 ಲಕ್ಷದವರೆಗಿನ ಸಾಲಕ್ಕೆ ಬೆಲೆಯ ಶೇ 90, ಅಲ್ಲಿಂದ 75 ಲಕ್ಷದವರೆಗೆ ಶೇ 80, ಅದಕ್ಕೂ ಮೇಲೆ ಶೇ 75. 10 ಲಕ್ಷದೊಳಗಿನ ಮನೆಗಳನ್ನು ಬಿಟ್ಟರೆ, ಮುದ್ರಾಂಕ ಮತ್ತು ನೋಂದಣಿಯ ಖರ್ಚನ್ನು ಈ ಬೆಲೆಗೆ ಸೇರಿಸುವ ಹಾಗಿಲ್ಲ.

ಹಾಗಾದರೆ ಆ ಎರಡೂವರೆ ಲಕ್ಷ ಬರುವುದು ಎಲ್ಲಿಂದ? ಬಹಳ ಮನೆಗಳಲ್ಲಿ ಕೈಸಾಲದಿಂದ. “ನೂರಕ್ಕೆ ಎರಡು ರೂಪಾಯಿ, ಗೊತ್ತಿರೋರು” ಎಂದು ತರುತ್ತಾರೆ. ನೂರಕ್ಕೆ ಎರಡು ಅಂದರೆ ತಿಂಗಳಿಗೆ ಎರಡು, ವರ್ಷಕ್ಕೆ ಶೇ 24. ಮೂರು ಲಕ್ಷ ತಂದರೆ ತಿಂಗಳಿಗೆ 6,000 ಬರೀ ಬಡ್ಡಿ. ಮೂರು ವರ್ಷಕ್ಕೆ 2,16,000 ಕಟ್ಟಿದ ಮೇಲೂ ಅಸಲು ಮೂರು ಲಕ್ಷ ಹಾಗೇ ನಿಂತಿರುತ್ತದೆ. ಬ್ಯಾಂಕಿನ ಶೇ 8.5ಕ್ಕೂ ಶೇ 9ಕ್ಕೂ ನಡುವೆ ಒಂದು ತಿಂಗಳು ಚೌಕಾಸಿ ಮಾಡಿ, ಈ ಮೂರು ಲಕ್ಷದ ಬಗ್ಗೆ ಮಾತೇ ಆಡದವರಿದ್ದಾರೆ. ಆದಾಯ ಒಪ್ಪಿದರೆ ಬ್ಯಾಂಕಿನಿಂದಲೇ 25ರ ಬದಲು 28 ಲಕ್ಷ ಕೇಳುವುದು ಮೇಲು. 32 ಲಕ್ಷದ ಶೇ 90 ಅಂದರೆ 28.8 ಲಕ್ಷ, ಮಿತಿಯೊಳಗೇ ಇದೆ. ಆ ಹೆಚ್ಚುವರಿ ಮೂರು ಲಕ್ಷಕ್ಕೆ ಬೀಳುವ ಕಂತು ತಿಂಗಳಿಗೆ 2,603 ರೂ., ಅದರಲ್ಲಿ ಅಸಲೂ ತೀರುತ್ತಾ ಬರುತ್ತದೆ.

ಹೆಜ್ಜೆ 2: ನಾಲ್ಕು ಕಾಲಂ ಹಾಕಿ

ಹಾಳೆಯ ಮೇಲೆ ಬಾಕಿ ಅಸಲು, ಆ ತಿಂಗಳ ಬಡ್ಡಿ, ಅಸಲಿಗೆ ಸೇರಿದ್ದು, ಹೊಸ ಬಾಕಿ ಎಂದು ನಾಲ್ಕು ಕಾಲಂ ಎಳೆಯಿರಿ. ತಿಂಗಳ ಬಡ್ಡಿ ಸಿಗಬೇಕಾದರೆ ಬಾಕಿಯನ್ನು ಬಡ್ಡಿದರದಿಂದ ಗುಣಿಸಿ 1200ರಿಂದ ಭಾಗಿಸಿ. ಕಂತಿನಿಂದ ಆ ಬಡ್ಡಿಯನ್ನು ಕಳೆದು ಉಳಿದದ್ದಷ್ಟೇ ಅಸಲಿಗೆ.

ಮೊದಲ ತಿಂಗಳು: 25,00,000 × 8.5 ÷ 1200 = 17,708 ಬಡ್ಡಿ. 21,696ರಲ್ಲಿ ಅದು ಹೋದರೆ ಅಸಲಿಗೆ 3,988. ಹೊಸ ಬಾಕಿ 24,96,012.
ಎರಡನೇ ತಿಂಗಳು: ಬಡ್ಡಿ 17,680, ಅಸಲಿಗೆ 4,016.

ಹೀಗೆ ಒಂದು ವರ್ಷ ಹೋದರೆ ಕಟ್ಟಿದ್ದು 2,60,000ಕ್ಕೂ ಮೇಲೆ, ಅಸಲು ಇಳಿದದ್ದು 50,000ಕ್ಕೂ ಸ್ವಲ್ಪ ಕಡಿಮೆ. ಐದು ವರ್ಷಕ್ಕೆ ಕಟ್ಟಿದ್ದು 13 ಲಕ್ಷ, ಬಾಕಿ ಇನ್ನೂ 22.03 ಲಕ್ಷ. ಹತ್ತು ವರ್ಷಕ್ಕೆ, ಅಂದರೆ ಅರ್ಧ ದಾರಿಯಲ್ಲಿ, ಬಾಕಿ 17.5 ಲಕ್ಷ. ಅಸಲು ಅರ್ಧಕ್ಕೆ ಇಳಿಯುವ ಹೊತ್ತಿಗೆ 13 ವರ್ಷ 10 ತಿಂಗಳಾಗಿರುತ್ತದೆ. ಕೊನೆಯ ಕಂತಿನಲ್ಲಿ ಮಾತ್ರ ಬಡ್ಡಿ 153 ರೂಪಾಯಿ.

ಇದರಲ್ಲಿ ಬ್ಯಾಂಕಿನವರ ಮೋಸವೇನೂ ಇಲ್ಲ. ಉಳಿದ ಅಸಲಿನ ಮೇಲೆ ಬಡ್ಡಿ, ಅಷ್ಟೇ. ಅಸಲು ದೊಡ್ಡದಿರುವ ಮೊದಲ ವರ್ಷಗಳಲ್ಲಿ ಬಡ್ಡಿ ದೊಡ್ಡದು. “ಐದು ವರ್ಷ ಕಟ್ಟಿದೀನಿ, ಕಾಲು ಭಾಗ ಮುಗೀತು” ಎಂದು ನಂಬಿ ಮನೆ ಮಾರಲು ಹೋದವರು ಬಾಕಿ ಪತ್ರ ನೋಡಿ ಬೆಚ್ಚುವುದು ಈ ಕಾರಣಕ್ಕೆ. ಮೊಬೈಲಿನ ಸ್ಪ್ರೆಡ್‌ಶೀಟ್‌ನಲ್ಲಿ ಒಂದೇ ಸಾಲಿನ ಸೂತ್ರ ಬರೆದು 240 ಸಾಲು ಕೆಳಗೆ ಎಳೆದರೆ ಪೂರ್ತಿ ಪಟ್ಟಿ ಸಿಗುತ್ತದೆ. ಬೇಡವೆಂದರೆ ಬ್ಯಾಂಕಿನಿಂದಲೇ ಅಮೊರ್ಟೈಸೇಷನ್ ಪಟ್ಟಿ ಕೇಳಿ ಪಡೆಯಿರಿ, ಆದರೆ ಮೊದಲ ಮೂರು ತಿಂಗಳನ್ನಾದರೂ ಕೈಯಲ್ಲಿ ಹಾಕಿ ತಾಳೆ ನೋಡಿ.

ತಾಳೆ ಬೀಳದಿದ್ದರೆ ಅದು ಫ್ಲಾಟ್ ಬಡ್ಡಿ ಇರಬಹುದು. ಕೆಲವು ಸೊಸೈಟಿ, ಫೈನಾನ್ಸ್‌ಗಳಲ್ಲಿ “ಶೇ 6 ಮಾತ್ರ” ಎಂಬ ಬೋರ್ಡು ಇರುತ್ತದೆ. 5 ಲಕ್ಷಕ್ಕೆ ಹತ್ತು ವರ್ಷ ಫ್ಲಾಟ್ ಶೇ 6 ಅಂದರೆ ಬಡ್ಡಿ 3 ಲಕ್ಷ, ಕಂತು 6,667. ಬ್ಯಾಂಕಿನ ಲೆಕ್ಕಕ್ಕೆ ತಂದರೆ ಅದು ಶೇ 10.2. ನೀವು ತೀರಿಸಿದ ಅಸಲಿನ ಮೇಲೂ ಬಡ್ಡಿ ಹಾಕುತ್ತಲೇ ಇರುತ್ತಾರೆ.

ಹೆಜ್ಜೆ 3: ಅವಧಿಯ ಖಾನೆ

ಶೇ 8.5ಕ್ಕೆ ಒಂದು ಲಕ್ಷಕ್ಕೆ ತಿಂಗಳ ಕಂತು ಹತ್ತು ವರ್ಷಕ್ಕೆ 1,240 ರೂ., ಹದಿನೈದಕ್ಕೆ 985, ಇಪ್ಪತ್ತಕ್ಕೆ 868, ಮೂವತ್ತಕ್ಕೆ 769. ಈ ನಾಲ್ಕು ಅಂಕಿ ನೆನಪಿದ್ದರೆ ಯಾವ ಆ್ಯಪೂ ಬೇಡ, ನಿಮ್ಮ ಸಾಲದ ಲಕ್ಷಗಳಿಂದ ಗುಣಿಸಿಬಿಡಿ.

ನಮ್ಮ 25 ಲಕ್ಷಕ್ಕೆ ನೋಡಿ. 15 ವರ್ಷವಾದರೆ ಕಂತು 24,619, ಒಟ್ಟು ಬಡ್ಡಿ 19.31 ಲಕ್ಷ. 20 ವರ್ಷವಾದರೆ 21,696 ಮತ್ತು 27.07 ಲಕ್ಷ. 30 ವರ್ಷವಾದರೆ 19,223 ಮತ್ತು 44.20 ಲಕ್ಷ.

ಇಪ್ಪತ್ತನ್ನು ಮೂವತ್ತು ಮಾಡಿದಾಗ ತಿಂಗಳಿಗೆ ಉಳಿಯುವುದು 2,473 ರೂ., ಕೊನೆಗೆ ಹೆಚ್ಚು ಹೋಗುವುದು 17 ಲಕ್ಷ. ಇಪ್ಪತ್ತನ್ನು ಹದಿನೈದು ಮಾಡಿದರೆ ತಿಂಗಳಿಗೆ 2,923 ಹೆಚ್ಚು, ಕೊನೆಗೆ ಉಳಿಯುವುದು 7.76 ಲಕ್ಷ. ಮೂವತ್ತು ವರ್ಷದ ಸಾಲ ಅಂದರೆ ಹತ್ತು ವರ್ಷ ಹೆಚ್ಚು ದುಡಿದು ಕಂತನ್ನು ಬರೀ ಶೇ 11ರಷ್ಟು ಇಳಿಸಿದಂತೆ. ವಯಸ್ಸು ಮೂವತ್ತರೊಳಗಿದ್ದು, ಸಂಬಳ ಖಂಡಿತ ಏರುವ ಕೆಲಸವಿದ್ದು, ಮುಂದೆ ಕಂತು ಹೆಚ್ಚಿಸುವ ಹಟ ಇದ್ದವರಿಗೆ ಮಾತ್ರ ಅದು ಸರಿ.

ಹೆಜ್ಜೆ 4: ಬಡ್ಡಿ ಏರಿದಾಗ ಏನು ಮಾಡುತ್ತಾರೆ ಎಂದು ಮೊದಲೇ ಕೇಳಿ

ಇದು ಈ ಲೇಖನದ ಮುಖ್ಯ ಭಾಗ. ಹೆಚ್ಚಿನವರ ಸಾಲ ಬದಲಾಗುವ ಬಡ್ಡಿದರದ್ದು. 2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳು ಇಂಥ ಹೊಸ ಮನೆ ಸಾಲವನ್ನು ಹೊರಗಿನ ಒಂದು ಅಳತೆಗೆ ಕಟ್ಟಬೇಕು, ಬಹುಪಾಲು ಅದು ರಿಸರ್ವ್ ಬ್ಯಾಂಕಿನ ರೆಪೊ ದರ, ಅಂದರೆ ಬ್ಯಾಂಕುಗಳಿಗೆ ಅದು ಸಾಲ ಕೊಡುವ ದರ. ಮೂರು ತಿಂಗಳಿಗೊಮ್ಮೆಯಾದರೂ ದರ ಸರಿಹೊಂದಬೇಕು. ಹೌಸಿಂಗ್ ಫೈನಾನ್ಸ್ ಕಂಪನಿಗಳಿಗೆ ಈ ನಿಯಮ ಇಲ್ಲ, ಅವುಗಳದ್ದು ತಮ್ಮದೇ ಮೂಲ ದರ. ಹಾಗಾಗಿ ರೆಪೊ ಇಳಿದಾಗ ಪಕ್ಕದ ಮನೆಯವರ ಕಂತು ಇಳಿದು ನಿಮ್ಮದು ಇಳಿಯದಿದ್ದರೆ, ಸಾಲ ಎಲ್ಲಿಂದ ತಂದಿದ್ದೀರಿ ಎಂಬುದನ್ನು ಮೊದಲು ನೋಡಿ.

2022ರ ಮೇ ತಿಂಗಳಿಗೆ ಮೊದಲು ರೆಪೊ ಶೇ 4 ಇತ್ತು. 2023ರ ಫೆಬ್ರುವರಿಗೆ ಶೇ 6.5. ಒಂಬತ್ತು ತಿಂಗಳಲ್ಲಿ ಎರಡೂವರೆ. 25 ಲಕ್ಷವನ್ನು ಶೇ 6.75ಕ್ಕೆ 20 ವರ್ಷಕ್ಕೆ ತಂದವರ ಕಂತು 19,009 ಇರುತ್ತದೆ. ಒಂದು ವರ್ಷ ಕಟ್ಟಿ ಬಾಕಿ 24.4 ಲಕ್ಷಕ್ಕೆ ಬಂದಾಗ ದರ ಶೇ 9.25 ಆಯಿತು ಎನ್ನಿ. ಈಗ ತಿಂಗಳ ಬಡ್ಡಿಯೇ 18,808. ಅದೇ ಕಂತು ಮುಂದುವರಿದರೆ ಅಸಲಿಗೆ ಸೇರುವುದು 201 ರೂಪಾಯಿ! ಇನ್ನು ಸ್ವಲ್ಪ ಏರಿದ್ದರೆ ಕಂತು ಬಡ್ಡಿಗೂ ಸಾಲದೆ, ಕಟ್ಟುತ್ತಿದ್ದರೂ ಸಾಲ ಬೆಳೆಯುತ್ತಿತ್ತು.

ನಮ್ಮ ಉದಾಹರಣೆಗೆ ಬನ್ನಿ. ಶುರುವಿನಲ್ಲೇ ದರ 8.5ರಿಂದ 9.5 ಆಯಿತು ಎಂದುಕೊಳ್ಳಿ. ಎರಡು ದಾರಿ:

ಅವಧಿ 20 ವರ್ಷವೇ ಇರಲಿ, ಕಂತು ಏರಲಿ ಎಂದರೆ ಕಂತು 23,303 ಆಗುತ್ತದೆ. ತಿಂಗಳಿಗೆ 1,607 ಹೆಚ್ಚು, ಪೂರ್ತಿ ಅವಧಿಗೆ 3.86 ಲಕ್ಷ ಹೆಚ್ಚು.

ಕಂತು 21,696ರಲ್ಲೇ ಇರಲಿ ಎಂದರೆ ಅವಧಿ 240 ತಿಂಗಳಿಂದ 309 ತಿಂಗಳಿಗೆ ಹೋಗುತ್ತದೆ. ಸುಮಾರು 14.9 ಲಕ್ಷ ಹೆಚ್ಚು.

ಒಂದೇ ಬಡ್ಡಿ ಏರಿಕೆ, ಎರಡು ಬೆಲೆ. ಗ್ರಾಹಕರಿಗೆ ನೋವಾಗದಿರಲಿ ಎಂದು ಹೆಚ್ಚಿನ ಕಡೆ ಮಾಡುವುದು ಎರಡನೆಯದನ್ನು, ಕಂತು ಬದಲಾಗದ ಕಾರಣ ಮನೆಯಲ್ಲಿ ಯಾರಿಗೂ ಗೊತ್ತೇ ಆಗುವುದಿಲ್ಲ. 2023ರ ಆಗಸ್ಟ್ 18ರ ಸುತ್ತೋಲೆಯಲ್ಲಿ ರಿಸರ್ವ್ ಬ್ಯಾಂಕ್ ಇದಕ್ಕೆ ಕಡಿವಾಣ ಹಾಕಿತು. ದರ ಬದಲಾದಾಗ ಕಂತು ಏರಿಸುವುದೋ, ಅವಧಿ ಎಳೆಯುವುದೋ, ಎರಡೂ ಸ್ವಲ್ಪ ಸ್ವಲ್ಪವೋ ಎಂದು ಆಯ್ಕೆ ಮಾಡುವುದು ಸಾಲಗಾರರ ಹಕ್ಕು. ಬ್ಯಾಂಕಿನ ಆಡಳಿತ ಮಂಡಳಿಯ ನೀತಿಯ ಪ್ರಕಾರ ಸ್ಥಿರ ದರಕ್ಕೆ ಹೋಗುವ ಅವಕಾಶವನ್ನೂ ಕೊಡಬೇಕು ಎಂದು ಅದರಲ್ಲಿತ್ತು, 2025ರ ಅಕ್ಟೋಬರ್‌ನಿಂದ ಅದನ್ನು ಬ್ಯಾಂಕಿನ ಇಚ್ಛೆಗೆ ಬಿಡಲಾಗಿದೆ. ಪ್ರತಿ ತ್ರೈಮಾಸಿಕದ ಕೊನೆಗೆ ಇದುವರೆಗೆ ವಸೂಲಾದ ಅಸಲು, ಬಡ್ಡಿ, ಕಂತಿನ ಮೊತ್ತ, ಉಳಿದ ಕಂತುಗಳ ಸಂಖ್ಯೆ, ವಾರ್ಷಿಕ ದರ ಇರುವ ಲೆಕ್ಕಪತ್ರ ನಿಮಗೆ ಸಿಗಬೇಕು.

ಆ ಪತ್ರದಲ್ಲಿ ‘ಉಳಿದ ಕಂತುಗಳು’ ಎಂಬ ಅಂಕಿಯನ್ನು ಗೋಡೆಯ ಕ್ಯಾಲೆಂಡರಿನ ಹಿಂದೆ ಬರೆದಿಡಿ. ಮೂರು ತಿಂಗಳಾದ ಮೇಲೆ ಅದು ಮೂರು ಇಳಿದಿರಬೇಕು. ಇಳಿಯದೆ ಏರಿದ್ದರೆ ಅದೇ ವಾರ ಶಾಖೆಗೆ ಹೋಗಿ “ಅವಧಿ ಮೊದಲಿನಷ್ಟೇ ಇರಲಿ, ಕಂತು ಹೆಚ್ಚಿಸಿ” ಎಂದು ಲಿಖಿತವಾಗಿ ಕೊಟ್ಟು, ಒಂದು ಪ್ರತಿಯ ಮೇಲೆ ಸೀಲು ಹಾಕಿಸಿಕೊಳ್ಳಿ. 30 ದಿನದಲ್ಲಿ ಉತ್ತರ ಬಾರದಿದ್ದರೆ ರಿಸರ್ವ್ ಬ್ಯಾಂಕ್ ಒಂಬುಡ್ಸ್‌ಮನ್‌ಗೆ ದೂರು ಕೊಡಬಹುದು, ವಿಚಾರಿಸಲು ಸಂಖ್ಯೆ 14448.

ದರ ಇಳಿದಾಗಲೂ ಇದೇ ಜಾಗ್ರತೆ ಇರಲಿ. 2025ರ ಫೆಬ್ರುವರಿಯಿಂದ ಜೂನ್‌ವರೆಗೆ ರೆಪೊ 6.5ರಿಂದ 5.5ಕ್ಕೆ ಇಳಿಯಿತು. ಆಗ ಕಂತು ಇಳಿಸಿಕೊಳ್ಳುವ ಆಸೆಯಾಗುತ್ತದೆ. ಹಳೆಯ ಕಂತನ್ನೇ ಕಟ್ಟುತ್ತಾ ಹೋಗಿ, ಹಿಂದೆ ಎಳೆದ ತಿಂಗಳುಗಳು ತಾವಾಗಿ ವಾಪಸು ಬರುತ್ತವೆ.

ಹೆಜ್ಜೆ 5: ಸಾಲದ ಜೊತೆ ಅಂಟಿಕೊಂಡು ಬರುವ ಖರ್ಚುಗಳು

2024ರ ಅಕ್ಟೋಬರ್ 1ರಿಂದ ಹೊಸ ಸಾಲಕ್ಕೆ ಸಹಿ ಹಾಕಿಸುವ ಮೊದಲು ‘ಕೆಎಫ್‌ಎಸ್’ ಎಂಬ ಮುಖ್ಯಾಂಶಗಳ ಪತ್ರ ಕೊಡಲೇಬೇಕು, ಅದೂ ನಿಮಗೆ ಅರ್ಥವಾಗುವ ಭಾಷೆಯಲ್ಲಿ. ಕನ್ನಡದಲ್ಲಿ ಕೇಳಿ. ಓದಿ ನಿರ್ಧರಿಸಲು ಕನಿಷ್ಠ ಮೂರು ಕೆಲಸದ ದಿನಗಳ ಕಾಲಾವಕಾಶ ಇರುತ್ತದೆ, ಹಾಗಾಗಿ “ಇವತ್ತೇ ಸಹಿ ಹಾಕಿ ಸಾರ್, ನಾಳೆ ಆಫರ್ ಇರಲ್ಲ” ಎಂಬ ಮಾತಿಗೆ ಬೀಳಬೇಡಿ. ಆ ಪತ್ರದಲ್ಲಿ ‘ಎಪಿಆರ್’ ಎಂಬ ದರ ಇರುತ್ತದೆ. ಪ್ರೊಸೆಸಿಂಗ್ ಶುಲ್ಕ, ವಿಮೆ, ಕಾನೂನು ಅಭಿಪ್ರಾಯದಂಥ ಖರ್ಚು ಸೇರಿಸಿದ ವಾರ್ಷಿಕ ದರ ಅದು. ಎರಡು ಬ್ಯಾಂಕುಗಳನ್ನು ತೂಗಿ ನೋಡುವಾಗ ಬೋರ್ಡಿನ ದರ ಬಿಟ್ಟು ಈ ದರ ಹಿಡಿಯಿರಿ. ಕೆಎಫ್‌ಎಸ್‌ನಲ್ಲಿ ಇಲ್ಲದ ಶುಲ್ಕವನ್ನು ಆಮೇಲೆ ನಿಮ್ಮ ಸ್ಪಷ್ಟ ಒಪ್ಪಿಗೆ ಇಲ್ಲದೆ ಹಾಕುವಂತಿಲ್ಲ.

ಪ್ರೊಸೆಸಿಂಗ್ ಶುಲ್ಕ ಶೇ 0.5 ಇದ್ದರೆ 12,500, ಜಿಎಸ್‌ಟಿ ಸೇರಿ 14,750. ಹಬ್ಬದ ದಿನಗಳಲ್ಲಿ ಇದನ್ನು ಬಿಡುವುದುಂಟು, ಕೇಳಿದರೆ ನಷ್ಟವಿಲ್ಲ. ಹಕ್ಕುಪತ್ರಗಳನ್ನು ಅಡವಿಟ್ಟ ದಸ್ತಾವೇಜಿಗೆ ಸಾಲದ ಮೊತ್ತದ ಮೇಲೆ ಬೇರೆ ಮುದ್ರಾಂಕ ಬೀಳುತ್ತದೆ, ಅದೂ ಪಟ್ಟಿಯಲ್ಲಿರಲಿ.

ನಿಜವಾಗಿ ಕಚ್ಚುವುದು ವಿಮೆ. ಸಾಲದ ಜೊತೆ ಒಂದೇ ಕಂತಿನ ಪ್ರೀಮಿಯಂ, ಉದಾಹರಣೆಗೆ 80,000 ರೂ., ಸಾಲಕ್ಕೇ ಸೇರಿಸಿಬಿಡುತ್ತಾರೆ. ತಿಂಗಳಿಗೆ 694 ರೂ. ಹೆಚ್ಚು, ಗಮನಕ್ಕೇ ಬರುವುದಿಲ್ಲ. ಇಪ್ಪತ್ತು ವರ್ಷಕ್ಕೆ ಆ ಎಂಬತ್ತು ಸಾವಿರ 1.67 ಲಕ್ಷವಾಗಿರುತ್ತದೆ. ದುಡಿಯುವವರ ಜೀವಕ್ಕೆ ವಿಮೆ ಬೇಕೇ ಬೇಕು, ಆ ಮಾತು ಬೇರೆ. ಸಾಲ ಕೊಟ್ಟವರ ಹತ್ತಿರವೇ ಕೊಳ್ಳಬೇಕು ಎಂಬ ಕಾನೂನಿಲ್ಲ. ಹೊರಗಡೆ ವರ್ಷ ವರ್ಷ ಕಟ್ಟುವ ಟರ್ಮ್ ಪಾಲಿಸಿ ವಿಚಾರಿಸಿ, ಎರಡರ ಬೆಲೆ ಹೋಲಿಸಿ. ಟರ್ಮ್ ಪಾಲಿಸಿಗೆ ಇನ್ನೊಂದು ಅನುಕೂಲ: ಸಾಲ ಬೇರೆ ಬ್ಯಾಂಕಿಗೆ ಹೋದರೂ ಅದು ನಿಮ್ಮ ಜೊತೆಗೇ ಇರುತ್ತದೆ.

ಕಟ್ಟಿದ ಮನೆ ಕೊಳ್ಳದೆ ಸ್ವಂತ ಸೈಟಿನಲ್ಲಿ ಕಟ್ಟಿಸುವವರಿಗೆ ಇನ್ನೊಂದು ಖರ್ಚಿದೆ, ಪ್ರೀ-ಇಎಂಐ. ತಳಪಾಯ, ಲಿಂಟಲ್, ತಾರಸಿ, ಪ್ಲಾಸ್ಟರಿಂಗ್ ಎಂದು ಹಂತ ಹಂತವಾಗಿ ಹಣ ಬಿಡುಗಡೆಯಾಗುತ್ತದೆ. ಬಿಡುಗಡೆಯಾದಷ್ಟಕ್ಕೆ ಬರೀ ಬಡ್ಡಿ ಕಟ್ಟಬೇಕು, ಅಸಲಿಗೆ ಒಂದು ರೂಪಾಯಿಯೂ ಸೇರುವುದಿಲ್ಲ. ಮೊದಲ ತಿಂಗಳು 6 ಲಕ್ಷ, ನಾಲ್ಕನೇ ತಿಂಗಳು 6, ಏಳನೇ ತಿಂಗಳು 6, ಹತ್ತನೇ ತಿಂಗಳು ಉಳಿದ 7 ಲಕ್ಷ ಬಂದು, ಹದಿನಾಲ್ಕು ತಿಂಗಳಿಗೆ ಗೃಹಪ್ರವೇಶವಾದರೆ ಅಷ್ಟರಲ್ಲಿ 1,65,042 ರೂ. ಬಡ್ಡಿ ಹೋಗಿರುತ್ತದೆ, ಮನೆ ಬಾಡಿಗೆ ಬೇರೆ. ಕೊನೆಯ ಹಣ ಬಂದ ಮೇಲೆ ಟೈಲ್ಸ್‌ನವರು, ಬಡಗಿಗಳು ತಡಮಾಡಿದ ಒಂದೊಂದು ತಿಂಗಳಿಗೂ 17,708. ಮೇಸ್ತ್ರಿ ಜೊತೆ ಚದರಕ್ಕಿಷ್ಟು ಎಂದು ಚೌಕಾಸಿ ಮಾಡುವಾಗ ಈ ಅಂಕಿ ತಲೆಯಲ್ಲಿರಲಿ. ಎರಡು ತಿಂಗಳು ಬೇಗ ಮುಗಿಸಿಕೊಡುವವರಿಗೆ ಸ್ವಲ್ಪ ಹೆಚ್ಚು ಕೊಟ್ಟರೂ ನಷ್ಟವಿಲ್ಲ. ಮರಳು, ಸಿಮೆಂಟಿಗೆ ಹಣ ಬೇಕಾಗುವ ಮೊದಲೇ ಮುಂದಿನ ಹಂತದ ಹಣವನ್ನು ಎತ್ತಬೇಡಿ. ಬಡ್ಡಿ ಶುರುವಾಗಬೇಕಾದದ್ದು ಹಣ ನಿಜವಾಗಿ ನಿಮಗೆ ಸೇರಿದ ದಿನದಿಂದ, ಸಾಲ ಮಂಜೂರಾದ ದಿನದಿಂದ ಅಲ್ಲ. ಮೊದಲ ಲೆಕ್ಕಪತ್ರದಲ್ಲಿ ಆ ದಿನಾಂಕ ನೋಡಿ.

ಹೆಜ್ಜೆ 6: ಖಾತೆ ನೋಡಿದರೆ ಬಡ್ಡಿ ಗೊತ್ತಾಗುತ್ತದೆ

ತುಮಕೂರಿನ ಸುತ್ತ ಹಳ್ಳಿ ಪಂಚಾಯಿತಿ ವ್ಯಾಪ್ತಿಯಲ್ಲಿ ಕಡಿಮೆ ಬೆಲೆಗೆ ಸೈಟು ಸಿಗುತ್ತವೆ. ನಗರಾಭಿವೃದ್ಧಿ ಪ್ರಾಧಿಕಾರದ ಅನುಮೋದನೆ ಇಲ್ಲದ ಬಡಾವಣೆ, ಭೂಪರಿವರ್ತನೆ ಆಗದ ಜಮೀನು, ಬಿ ಖಾತೆ (ನಿಯಮ ಮೀರಿದ ಆಸ್ತಿಗೆ ತೆರಿಗೆ ಕಟ್ಟಿಸಿಕೊಳ್ಳಲು ಕೊಡುವ ಖಾತೆ) ಎಂದರೆ ದೊಡ್ಡ ಬ್ಯಾಂಕುಗಳು ಸಾಮಾನ್ಯವಾಗಿ ಹಿಂದೆ ಸರಿಯುತ್ತವೆ. ಆಗ ಸಾಲ ಕೊಡುವ ಖಾಸಗಿ ಸಂಸ್ಥೆ ಸಿಕ್ಕರೂ ಬಡ್ಡಿ ಹೆಚ್ಚು. ಶೇ 11 ಎಂದು ಇಟ್ಟುಕೊಳ್ಳಿ. ಅದೇ 25 ಲಕ್ಷ, ಅದೇ 20 ವರ್ಷಕ್ಕೆ ಕಂತು 25,805, ಒಟ್ಟು 61.93 ಲಕ್ಷ. ಶೇ 8.5ರ ಸಾಲಕ್ಕಿಂತ 9.86 ಲಕ್ಷ ಹೆಚ್ಚು. ಸೈಟಿನಲ್ಲಿ ಮೂರು ಲಕ್ಷ ಉಳಿಸಿ ಬಡ್ಡಿಯಲ್ಲಿ ಹತ್ತು ಲಕ್ಷ ಕಳೆದ ಲೆಕ್ಕ.

ಮುಂಗಡ ಕೊಡುವ ಮೊದಲೇ ಇ-ಖಾತೆ, ಪರಿವರ್ತನೆ ಆದೇಶ, ಬಡಾವಣೆ ನಕ್ಷೆಯ ಅನುಮೋದನೆ, ಋಣಭಾರ ಪತ್ರ (ಇಸಿ), ಇಷ್ಟರ ಪ್ರತಿಯನ್ನು ನಿಮಗೆ ಬೇಕಾದ ಬ್ಯಾಂಕಿನ ಶಾಖೆಗೆ ತೋರಿಸಿ “ಇದಕ್ಕೆ ಸಾಲ ಆಗುತ್ತಾ?” ಎಂದು ಕೇಳಿ. ಋಣಭಾರ ಪತ್ರವನ್ನು ನೋಂದಣಿ ಇಲಾಖೆಯ ಕಾವೇರಿ ತಂತ್ರಾಂಶದಲ್ಲಿ ಮನೆಯಿಂದಲೇ ತೆಗೆಯಬಹುದು. ಮುಂಗಡ ಕೊಟ್ಟ ಮೇಲೆ ಕೇಳಿದರೆ, ಇಲ್ಲ ಎಂಬ ಉತ್ತರ ಬಂದಾಗ ಸಿಕ್ಕಿದ ಬಡ್ಡಿಗೆ ಒಪ್ಪದೆ ದಾರಿ ಇರುವುದಿಲ್ಲ.

ಹೆಜ್ಜೆ 7: ಮುಂಚಿತವಾಗಿ ಕಟ್ಟುವುದು

ವ್ಯಕ್ತಿಗಳ ಹೆಸರಿನ, ಬದಲಾಗುವ ದರದ ಮನೆ ಸಾಲವನ್ನು ಅವಧಿಗೆ ಮೊದಲು ತೀರಿಸಿದರೆ ದಂಡ ಹಾಕುವಂತಿಲ್ಲ ಎಂದು ಬ್ಯಾಂಕುಗಳಿಗೆ 2012ರಿಂದಲೇ ಆದೇಶವಿದೆ. ಸ್ಥಿರ ದರದ ಸಾಲಕ್ಕೆ ಒಪ್ಪಂದ ಓದಿ ನೋಡಿ.

ಯಾವಾಗ ಕಟ್ಟುತ್ತೀರಿ ಎಂಬುದು ಮುಖ್ಯ. ಮೊದಲ ವರ್ಷದ ಕೊನೆಗೆ ಒಂದು ಲಕ್ಷ ಹೆಚ್ಚುವರಿ ಕಟ್ಟಿ ಕಂತನ್ನು ಹಾಗೇ ಬಿಟ್ಟರೆ 21 ತಿಂಗಳು ಕಡಿಮೆಯಾಗುತ್ತದೆ, 3.65 ಲಕ್ಷ ಬಡ್ಡಿ ಉಳಿಯುತ್ತದೆ. ಅದೇ ಒಂದು ಲಕ್ಷವನ್ನು ಹನ್ನೆರಡನೇ ವರ್ಷದ ಕೊನೆಗೆ ಕಟ್ಟಿದರೆ ಉಳಿಯುವುದು ಸುಮಾರು 91,500. ನಿವೃತ್ತಿಯ ಹಣ ಬಂದಾಗ ಸಾಲ ತೀರಿಸಿದರಾಯಿತು ಎನ್ನುವವರು ಈ ಎರಡು ಅಂಕಿಯನ್ನು ಇನ್ನೊಮ್ಮೆ ಓದಲಿ.

ಸಂಬಳದವರಿಗೆ ಎರಡು ಸುಲಭ ಅಭ್ಯಾಸಗಳಿವೆ. ವರ್ಷಕ್ಕೆ ಹನ್ನೆರಡರ ಬದಲು ಹದಿಮೂರು ಕಂತು ಕಟ್ಟಿದರೆ 20 ವರ್ಷದ ಸಾಲ 16 ವರ್ಷ 9 ತಿಂಗಳೊಳಗೆ ಮುಗಿಯುತ್ತದೆ, ಸುಮಾರು 5 ಲಕ್ಷ ಉಳಿಯುತ್ತದೆ. ಸಂಬಳ ಏರಿದಂತೆ ಕಂತನ್ನು ಪ್ರತಿ ವರ್ಷ ಶೇ 5 ಏರಿಸುತ್ತಾ ಹೋದರೆ ಇನ್ನೂ ಜೋರು: 12 ವರ್ಷ 3 ತಿಂಗಳಿಗೆ ಸಾಲ ಇಲ್ಲ, ಒಟ್ಟು ಬಡ್ಡಿ 27 ಲಕ್ಷದಿಂದ 17.3 ಲಕ್ಷಕ್ಕೆ ಇಳಿಯುತ್ತದೆ. ಎರಡನೇ ವರ್ಷ ಏರುವುದು ತಿಂಗಳಿಗೆ 1,085 ರೂಪಾಯಿ ಮಾತ್ರ.

ವರ್ಷಕ್ಕೆ ಒಂದೆರಡು ಸಲ ಮಾತ್ರ ದುಡ್ಡು ನೋಡುವವರ ಕಥೆ ಬೇರೆ. ತಿಪಟೂರು ಮಾರುಕಟ್ಟೆಯಲ್ಲಿ ಕೊಬ್ಬರಿ ಮಾರಿದಾಗ, ಅಡಿಕೆ ಕೊಟ್ಟಾಗ ಒಟ್ಟಿಗೆ ಹಣ ಬರುತ್ತದೆ, ಆಮೇಲೆ ತಿಂಗಳುಗಟ್ಟಲೆ ಇರುವುದಿಲ್ಲ. ತುಮಕೂರಿನ ಅಂತರಸನಹಳ್ಳಿ ಮಾರುಕಟ್ಟೆಯಲ್ಲಿ ವ್ಯಾಪಾರ ಮಾಡುವವರದ್ದೂ ಹೆಚ್ಚು ಕಡಿಮೆ ಇದೇ ಪಾಡು. ಇಂಥವರು ಓವರ್‌ಡ್ರಾಫ್ಟ್ ಮಾದರಿಯ ಮನೆ ಸಾಲ ವಿಚಾರಿಸಬಹುದು. ಕೈಯಲ್ಲಿರುವ ಹಣವನ್ನು ಸಾಲದ ಖಾತೆಯಲ್ಲೇ ಇಟ್ಟರೆ ಇಟ್ಟಷ್ಟು ದಿನ ಅಷ್ಟಕ್ಕೆ ಬಡ್ಡಿ ಇಲ್ಲ, ಬೇಕಾದಾಗ ವಾಪಸು ತೆಗೆಯಬಹುದು. ದರ ತುಸು ಹೆಚ್ಚಿರುತ್ತದೆ, ಹಣ ಇಟ್ಟು ತೆಗೆಯದವರಿಗೆ ಅದು ನಷ್ಟವೇ.

ಇಲ್ಲಿ ಆಗಾಗ ಆಗುವ ತಪ್ಪೊಂದಿದೆ. ಹೆಚ್ಚುವರಿ ಹಣ ಕಟ್ಟಿದಾಗ ಶಾಖೆಯಲ್ಲಿ ಕಂತು ಇಳಿಸಿ, ಅವಧಿ ಹಾಗೇ ಬಿಡುತ್ತಾರೆ. ಲಾಭ ಬಹುಪಾಲು ಅಲ್ಲೇ ಕರಗುತ್ತದೆ. “ಅಸಲಿಗೆ ಜಮಾ ಮಾಡಿ, ಕಂತು ಹಾಗೇ ಇರಲಿ, ಅವಧಿ ಕಡಿಮೆ ಮಾಡಿ” ಎಂದು ಬರೆದು ಕೊಡಿ. ಬರೀ ಖಾತೆಗೆ ಹಾಕಿ ಬಂದರೆ ಕೆಲವು ಕಡೆ ಅದು ಮುಂದಿನ ಕಂತುಗಳ ಮುಂಗಡವಾಗಿ ಕೂತುಬಿಡುತ್ತದೆ.

ಹಾಗೆಂದು ಕೈಯಲ್ಲಿರುವುದನ್ನೆಲ್ಲ ಬ್ಯಾಂಕಿಗೆ ಸುರಿಯಬೇಡಿ. ಆರು ತಿಂಗಳ ಕಂತು ಮತ್ತು ಮನೆ ಖರ್ಚಿನಷ್ಟು ಹಣ ಮೊದಲು ಪಕ್ಕಕ್ಕೆ ಇರಲಿ. ಸಾಲಕ್ಕೆ ಕಟ್ಟಿದ್ದು ವಾಪಸು ಬರುವುದಿಲ್ಲ, ಆಸ್ಪತ್ರೆ ಖರ್ಚು ಬಂದಾಗ ಮತ್ತೆ ನೂರಕ್ಕೆ ಎರಡಕ್ಕೇ ಹೋಗಬೇಕಾಗುತ್ತದೆ. ಕೈಸಾಲ ಇದ್ದರೆ ಮೊದಲು ಅದು ತೀರಲಿ. ಪಿಎಫ್ ಹಣ ತೆಗೆದು ಸಾಲ ತೀರಿಸುವುದೂ ಹೆಚ್ಚಿನವರಿಗೆ ಲಾಭವಲ್ಲ. 2024-25ಕ್ಕೆ ಪಿಎಫ್ ಬಡ್ಡಿ ಶೇ 8.25 ಇತ್ತು, ಶೇ 8.5ರ ಸಾಲಕ್ಕೂ ಅದಕ್ಕೂ ಇರುವ ಅಂತರ ಶೇ 0.25 ಮಾತ್ರ.

ಬೇರೆ ಬ್ಯಾಂಕಿಗೆ ವರ್ಗಾಯಿಸುವ ಮೊದಲು

ಐದು ವರ್ಷ ಕಟ್ಟಿದ ಮೇಲೆ, ಬಾಕಿ 22.03 ಲಕ್ಷ ಇರುವಾಗ, ಇನ್ನೊಂದು ಕಡೆಯವರು ಫೋನ್ ಮಾಡುತ್ತಾರೆ. “ಶೇ 8ಕ್ಕೆ ಕೊಡ್ತೀವಿ, ಕಂತು ಮೂರು ಸಾವಿರ ಕಡಿಮೆ.” ಸುಳ್ಳಲ್ಲ. ಕಂತು 21,696ರಿಂದ 18,428ಕ್ಕೆ ಇಳಿಯುತ್ತದೆ. ಆದರೆ ಅವರು ಅವಧಿಯನ್ನು ಮತ್ತೆ 20 ವರ್ಷ ಮಾಡಿರುತ್ತಾರೆ, ನಿಮಗೆ ಉಳಿದಿದ್ದುದು 15. ಇದ್ದಲ್ಲೇ ಇದ್ದರೆ ಇನ್ನು ಕಟ್ಟಬೇಕಾದದ್ದು 39.05 ಲಕ್ಷ, ಅಲ್ಲಿಗೆ ಹೋದರೆ 44.23 ಲಕ್ಷ. ಕಡಿಮೆ ಬಡ್ಡಿಗೆ ಹೋಗಿ 5.17 ಲಕ್ಷ ಹೆಚ್ಚು ಕಟ್ಟಿದಂತಾಯಿತು. ವರ್ಗಾವಣೆಗೆ ಒಪ್ಪುವುದಾದರೆ ಉಳಿದ ಅವಧಿಯನ್ನೇ ಬರೆಸಿ, ಇಲ್ಲವೇ ಹಳೆಯ ಕಂತನ್ನೇ ಮುಂದುವರಿಸಿ. ಮೊದಲು ನಿಮ್ಮ ಬ್ಯಾಂಕಿನವರನ್ನೇ ಕೇಳಿ. ಹೊಸಬರಿಗೆ ಕೊಡುವ ದರವನ್ನು ಹಳಬರಿಗೂ ಸಣ್ಣ ಶುಲ್ಕಕ್ಕೆ ಕೊಡುವುದುಂಟು, ಕೇಳದಿದ್ದರೆ ಕೊಡುವುದಿಲ್ಲ.

ತೆರಿಗೆ ಮತ್ತು ಸಬ್ಸಿಡಿ

“ಮನೆ ಸಾಲ ಇದ್ದರೆ ತೆರಿಗೆ ಉಳಿಯುತ್ತೆ, ಬೇಗ ತೀರಿಸಬೇಡಿ” ಎಂಬ ಸಲಹೆ ಹಳೆಯದಾಯಿತು. ಸ್ವಂತ ವಾಸದ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗಿನ ವಿನಾಯಿತಿ ಹಳೆಯ ತೆರಿಗೆ ಪದ್ಧತಿಯಲ್ಲಿ ಮಾತ್ರ. ಹೊಸ ಪದ್ಧತಿಯಲ್ಲಿರುವವರಿಗೆ ಅದು ಇಲ್ಲ. ಹಳೆಯದರಲ್ಲಿ ಶೇ 20ರ ಹಂತದವರಿಗೂ ವರ್ಷಕ್ಕೆ ಉಳಿಯುವುದು ಹೆಚ್ಚೆಂದರೆ 41,600, ಅದಕ್ಕಾಗಿ 2 ಲಕ್ಷ ಬಡ್ಡಿ ಕಟ್ಟಿರಬೇಕು.

ಕುಟುಂಬದ ಆದಾಯ ವರ್ಷಕ್ಕೆ 9 ಲಕ್ಷದೊಳಗಿದ್ದು, ದೇಶದಲ್ಲಿ ಎಲ್ಲೂ ಪಕ್ಕಾ ಮನೆ ಇಲ್ಲದವರು ಪ್ರಧಾನಮಂತ್ರಿ ಆವಾಸ್ ನಗರ ಯೋಜನೆ 2.0ರ ಬಡ್ಡಿ ಸಹಾಯಧನ ವಿಚಾರಿಸಲಿ. ಮನೆಯ ಬೆಲೆ 35 ಲಕ್ಷ, ಸಾಲ 25 ಲಕ್ಷ ಮೀರಬಾರದು. ಮೊದಲ 8 ಲಕ್ಷಕ್ಕೆ ಶೇ 4ರ ಲೆಕ್ಕದಲ್ಲಿ, ಒಟ್ಟು 1.80 ಲಕ್ಷದವರೆಗೆ ಐದು ವಾರ್ಷಿಕ ಕಂತುಗಳಲ್ಲಿ ಸಾಲದ ಖಾತೆಗೆ ಬರುತ್ತದೆ. ಬಂದಾಗ ಅದಕ್ಕೂ ಅವಧಿ ಇಳಿಸಲು ಹೇಳಿ.

ಕೊನೆಯ ಕಂತಿನ ನಂತರ

ಸಾಲ ತೀರಿದ 30 ದಿನದೊಳಗೆ ಮೂಲ ದಾಖಲೆಗಳನ್ನು ವಾಪಸು ಕೊಟ್ಟು ಋಣಭಾರ ತೆಗೆಸಬೇಕು. ತಪ್ಪು ಅವರದಾಗಿ ತಡವಾದರೆ ದಿನಕ್ಕೆ 5,000 ರೂ. ನಿಮಗೆ ಕೊಡಬೇಕು. 2023ರ ಡಿಸೆಂಬರ್ 1ರಿಂದ ಈ ನಿಯಮ ಇದೆ. ಸಾಲ ಕೊಡುವಾಗ ಪಡೆದ ದಾಖಲೆಗಳ ಪಟ್ಟಿಗೆ ಸಹಿ ಮಾಡಿಸಿ ಒಂದು ಪ್ರತಿ ನಿಮ್ಮ ಹತ್ತಿರ ಇಟ್ಟುಕೊಂಡಿರಬೇಕು, ಇಪ್ಪತ್ತು ವರ್ಷದ ಮೇಲೆ ಮೂಲ ಕ್ರಯಪತ್ರ ಯಾರ ಹತ್ತಿರ ಇತ್ತು ಎಂಬ ವಾದ ಬರಬಾರದು. ಬಾಕಿ ಇಲ್ಲ ಎಂಬ ಪತ್ರ ಪಡೆದು, ಉಪನೋಂದಣಿ ಕಚೇರಿಯಲ್ಲಿ ಅಡಮಾನ ರದ್ದಾದ ಮೇಲೆ ಕಾವೇರಿಯಲ್ಲಿ ಹೊಸ ಋಣಭಾರ ಪತ್ರ ತೆಗೆದು ಬ್ಯಾಂಕಿನ ಹೆಸರು ಹೋಗಿದೆಯೇ ನೋಡಿ. ಎರಡು ತಿಂಗಳು ಬಿಟ್ಟು, ನಿಮ್ಮ ಸಾಲಗಳ ಚರಿತ್ರೆ ಇರುವ ಸಿಬಿಲ್ ವರದಿಯಲ್ಲಿ ಸಾಲ ‘ಮುಕ್ತಾಯ’ ಎಂದು ಬಂದಿರಬೇಕು. ಬಾರದಿದ್ದರೆ ಅದೇ ಬಾಕಿ ಇಲ್ಲ ಪತ್ರದ ಪ್ರತಿ ಲಗತ್ತಿಸಿ ಬ್ಯಾಂಕಿಗೆ ಬರೆಯಿರಿ.